ಶಂಕರ ಭಟ್ಟರ ಪುಸ್ತಕಗಳಲ್ಲಿ ಮೊದಲು ಯಾವುದು?

ಕರ್ನಾಟಕದಲ್ಲಿ ಭಾಷಾವಿಜ್ಞಾನಿ ಡಿ. ಎನ್. ಶಂಕರ ಭಟ್ ಅಂದ ಕೂಡಲೇ ಮಾತು ಮಹಾಪ್ರಾಣದ ಜಗಳಕ್ಕೆ, ಅಂದರೆ ಕನ್ನಡ ಬರಹದಿಂದ ಮಹಾಪ್ರಾಣಗಳನ್ನು ಬಿಡಬೇಕು ಎಂಬ ಅವರ ಸಲಹೆಗೆ ಹೊರಳುತ್ತದೆ. 'ಭಾಷೆ'ಯನ್ನು 'ಬಾಶೆ' ಅಂತ ಬರೆಯಬೇಕೋ ಬೇಡವೋ, 'ಋ' ಇರಬೇಕೋ ಹೋಗಬೇಕೋ ಎಂಬಲ್ಲಿಗೇ ಚರ್ಚೆ ನಿಲ್ಲುತ್ತದೆ. ಆಮೇಲೆ ಒಂದು ಪಂಗಡ ಭಟ್ಟರನ್ನು ಹೊತ್ತು ಮೆರೆಸುತ್ತದೆ, ಇನ್ನೊಂದು ಬೈಯುತ್ತದೆ. ಎರಡೂ ಕಡೆಯವರಲ್ಲಿ ಅವರ ಇಂಗ್ಲಿಷ್ ಪುಸ್ತಕಗಳನ್ನು ತೆರೆದು ನೋಡಿದವರು ಕಡಿಮೆ. ಹೊರಗಿನ ಭಾಷಾವಿಜ್ಞಾನಿಗಳದ್ದು ಇದಕ್ಕೆ ತದ್ವಿರುದ್ಧ. ಅವರಿಗೆ ಮಹಾಪ್ರಾಣದ ಗಲಾಟೆ ಬೇಕಿಲ್ಲ. ಡಿ. ಎನ್. ಎಸ್. ಭಟ್ ಎಂದರೆ ಸರ್ವನಾಮ, ಗುಣಪದ, ಕ್ರಿಯಾಪದದ ಕಾಲ, ಕರ್ತೃ-ಕರ್ಮ ಇವು ಬೇರೆಬೇರೆ ಭಾಷೆಗಳಲ್ಲಿ ಹೇಗೆ ಬೇರೆಬೇರೆಯಾಗಿ ಕೆಲಸ ಮಾಡುತ್ತವೆ ಎಂದು ಪಟ್ಟು ಹಿಡಿದು ಕೇಳಿದ ವಿದ್ವಾಂಸ.

ಈ ಕೇಳ್ವಿಗಳಿಗೆ ಅವರು ಬರೆದ ಮುಖ್ಯ ಪುಸ್ತಕಗಳು ನಾಲ್ಕು: 'ಗ್ರಮ್ಯಾಟಿಕಲ್ ರಿಲೇಷನ್ಸ್' (1991), 'ದಿ ಅಡ್ಜೆಕ್ಟೈವಲ್ ಕ್ಯಾಟಗರಿ' (1994), 'ದಿ ಪ್ರಾಮಿನೆನ್ಸ್ ಆಫ್ ಟೆನ್ಸ್, ಆಸ್ಪೆಕ್ಟ್ ಆ್ಯಂಡ್ ಮೂಡ್' (1999), 'ಪ್ರೊನೌನ್ಸ್' (2004). ಮೊದಲನೆಯದನ್ನು ರೂಟ್‌ಲೆಡ್ಜ್, ನಡುವಿನ ಎರಡನ್ನು ಜಾನ್ ಬೆಂಜಮಿನ್ಸ್, ಕೊನೆಯದನ್ನು ಆಕ್ಸ್‌ಫರ್ಡ್ ಯೂನಿವರ್ಸಿಟಿ ಪ್ರೆಸ್ ಹೊರತಂದವು. ಪ್ರಕಟವಾದ ವರ್ಷದ ಅನುಕ್ರಮದಲ್ಲೇ ಓದಬೇಕು ಎನ್ನುವವರಿದ್ದಾರೆ. ನನಗದು ಒಪ್ಪಿಗೆಯಿಲ್ಲ. ಹಾಗೆ ಹೊರಟವರು 1994ರ ಪುಸ್ತಕದ ನಡುವಿನಲ್ಲೇ ಕೈಚೆಲ್ಲುವ ಸಂಭವ ಹೆಚ್ಚು.

ಆರಿಸಿಕೊಳ್ಳಲು ಇನ್ನೊಂದು ದಾರಿಯಿದೆ. ಹೈಸ್ಕೂಲಿನ ಕನ್ನಡ ವ್ಯಾಕರಣದ ಪಾಠಗಳನ್ನು ನೆನಪಿಸಿಕೊಳ್ಳಿ. ಪ್ರಥಮ, ಮಧ್ಯಮ, ಉತ್ತಮ ಪುರುಷ. ಕರ್ತರಿ, ಕರ್ಮಣಿ ಪ್ರಯೋಗ. ನಾಮಪದದ ವಿಧವಾಗಿ ಗುಣವಾಚಕ. ಭೂತ, ವರ್ತಮಾನ, ಭವಿಷ್ಯತ್ ಎಂಬ ಮೂರು ಕಾಲ. ಭಟ್ಟರ ಒಂದೊಂದು ಪುಸ್ತಕವೂ ಈ ಪಾಠಗಳಲ್ಲಿ ಒಂದೊಂದರ ಬುಡಕ್ಕೆ ಕೈ ಹಾಕುತ್ತದೆ. ಅಂದು ಯಾವ ಪಾಠ ನಿಮಗೆ ಇರುಸುಮುರುಸು ಮಾಡಿತ್ತೋ, 'ನಾವು ಮಾತಾಡುವುದು ಹೀಗಲ್ಲವಲ್ಲ' ಅನ್ನಿಸಿತ್ತೋ, ಆ ಪುಸ್ತಕದಿಂದ ಶುರು ಮಾಡಿ.

ಪುಸ್ತಕಗಳಿಗೆ ಹೋಗುವ ಮುಂಚೆ ಅವರ ಹಿನ್ನೆಲೆ ಸ್ವಲ್ಪ ತಿಳಿದಿರಬೇಕು, ಏಕೆಂದರೆ ಅವರ ವಾದಗಳ ಬೇರು ಅಲ್ಲಿದೆ. 1935ರಲ್ಲಿ ಹುಟ್ಟಿದ ಭಟ್ಟರು ಪುತ್ತೂರು ಕಡೆಯವರು. ಮನೆಯಲ್ಲಿ ಹವ್ಯಕ ಕನ್ನಡ, ಸುತ್ತಮುತ್ತ ತುಳು. ಪುಣೆಯ ಡೆಕ್ಕನ್ ಕಾಲೇಜಿನಲ್ಲಿದ್ದಾಗ ಬರೆದವು ತುಳುವಿನ ವಿವರಣೆ (1967), ಕೊರಗ ಭಾಷೆ (1971), ಹವ್ಯಕದ ವ್ಯಾಕರಣ (1971) ಇಂಥವು. ಜೊತೆಗೆ ಈಶಾನ್ಯ ಭಾರತದ ಬೋಡೊ ಮತ್ತು ತಾಂಗ್‌ಖುಲ್ ನಾಗಾ ಭಾಷೆಗಳ ಪದಕೋಶದ ಕೆಲಸವೂ ಆಯಿತು. ಮುಂದೆ ಇಂಫಾಲದ ಮಣಿಪುರ ವಿಶ್ವವಿದ್ಯಾಲಯದಲ್ಲಿದ್ದರು, ಎಂ. ಎಸ್. ನಿಂಗೊಂಬಾ ಅವರ ಜೊತೆ ಸೇರಿ ಬರೆದ ಮಣಿಪುರಿ ವ್ಯಾಕರಣ 1997ರಲ್ಲಿ ಬಂತು. ಅಂದರೆ ನೂರಾರು ಭಾಷೆಗಳನ್ನು ಬರೀ ಲೈಬ್ರರಿಯಲ್ಲಿ ಕೂತು ಹೋಲಿಸಿದವರಲ್ಲ. ಅದಕ್ಕೂ ಮೊದಲು, ಒಂದಕ್ಕೊಂದು ಸಂಬಂಧವೇ ಇಲ್ಲದ ಎರಡು ಭಾಷಾ ಕುಟುಂಬಗಳ (ದ್ರಾವಿಡ, ಟಿಬೆಟೊ-ಬರ್ಮನ್) ಮಾತನ್ನು ಆಡುವವರ ಬಾಯಿಂದಲೇ ಕೇಳಿ ಬರೆದುಕೊಂಡವರು. ನಾಲ್ಕೂ ಪುಸ್ತಕಗಳಲ್ಲಿ ಕನ್ನಡ ಒಂದು ತುದಿಗೆ, ಮಣಿಪುರಿ ಇನ್ನೊಂದು ತುದಿಗೆ ಮತ್ತೆ ಮತ್ತೆ ಬಂದು ನಿಲ್ಲುವುದಕ್ಕೆ ಇದೇ ಕಾರಣ.

ಹೆಚ್ಚಿನವರಿಗೆ: 'ಪ್ರೊನೌನ್ಸ್'

ಹಿಂದೆ ಭಾಷಾವಿಜ್ಞಾನ ಓದಿಲ್ಲ, ಆದರೆ ಕುತೂಹಲ ಇದೆ ಎನ್ನುವವರಿಗೆ ನಾನು ಕಣ್ಣುಮುಚ್ಚಿ ಹೇಳುವುದು ಇದನ್ನೇ. ನಾಲ್ಕರಲ್ಲಿ ಕೊನೆಗೆ ಬಂದದ್ದು, ಹೆಚ್ಚು ಪಳಗಿದ್ದು. ವಾದ ಸ್ಪಷ್ಟ, ಉದಾಹರಣೆ ಸಮೃದ್ಧ, ಇಂಗ್ಲಿಷೂ ಸರಳ.

ಮುಖ್ಯ ವಾದ ಇಷ್ಟು: ನಾವು 'ಸರ್ವನಾಮ' ಎಂದು ಒಂದೇ ಹೆಸರಿಟ್ಟು ಕರೆಯುವ ಪದಗಳಲ್ಲಿ ಎರಡು ಬೇರೆ ಜಾತಿಗಳಿವೆ. 'ನಾನು', 'ನೀನು' ಒಂದು ಜಾತಿ. 'ಅವನು', 'ಇದು', 'ಯಾರು', 'ಎಲ್ಲಿ' ಇನ್ನೊಂದು ಜಾತಿ. ಮೊದಲನೆಯವು ಮಾತಿನಲ್ಲಿ ಯಾರ ಪಾತ್ರ ಯಾವುದು ಎಂದಷ್ಟೇ ಹೇಳುತ್ತವೆ: ಆಡುವವರು ಯಾರು, ಕೇಳುವವರು ಯಾರು. ಎದುರಿಗಿರುವವರನ್ನು ಗುರುತಿಸಿ ಕೊಡುವ ಕೆಲಸ ಅವಕ್ಕಿಲ್ಲ, ಅದಕ್ಕೇ ಲಿಂಗದ ಗೊಡವೆಯೂ ಸಾಮಾನ್ಯವಾಗಿ ಇರುವುದಿಲ್ಲ. ಎರಡನೆಯವಕ್ಕೆ ಗುರುತಿಸುವುದೇ ಕೆಲಸ. ಅವುಗಳನ್ನು ಭಟ್ಟರು 'ಪ್ರೊಫಾರ್ಮ್' ಎಂದು ಬೇರೆಯಾಗಿ ಕರೆಯುತ್ತಾರೆ. ಅವುಗಳೊಳಗೆ ಎರಡು ತುಂಡುಗಳಿರುತ್ತವೆ: ಒಂದು 'ಯಾವ ಬಗೆಯದು' (ಮನುಷ್ಯನೋ, ಜಾಗವೋ, ಹೊತ್ತೋ, ರೀತಿಯೋ) ಎಂದು ಹೇಳುವುದು, ಇನ್ನೊಂದು 'ಹತ್ತಿರದ್ದೋ, ದೂರದ್ದೋ, ಗೊತ್ತಿಲ್ಲದ್ದೋ' ಎಂದು ಹೇಳುವುದು.

ಕನ್ನಡಿಗರಿಗೆ ಈ ವಾದವನ್ನು ನಂಬಿಸಬೇಕಾಗಿಯೇ ಇಲ್ಲ. ಅಲ್ಲಿ, ಇಲ್ಲಿ, ಎಲ್ಲಿ. ಹಾಗೆ, ಹೀಗೆ, ಹೇಗೆ. ಅಷ್ಟು, ಇಷ್ಟು, ಎಷ್ಟು. ಅತ್ತ, ಇತ್ತ, ಎತ್ತ. ಅಡ್ಡಕ್ಕೆ ಓದಿದರೆ ಬಗೆ ಒಂದೇ, ಉದ್ದಕ್ಕೆ ಓದಿದರೆ ಅ-ಇ-ಎಗಳಲ್ಲಿ ಒಂದೊಂದು. ಇದೇ ಕೋಷ್ಟಕದಲ್ಲಿ 'ಅವನು, ಇವನು, ಯಾವನು' ಕೂಡ ಅಚ್ಚುಕಟ್ಟಾಗಿ ಕೂರುತ್ತವೆ. 'ನಾನು', 'ನೀನು' ಎಲ್ಲಿ ಕೂರಿಸಿದರೂ ಕೂರುವುದಿಲ್ಲ. ಹಾಗಿದ್ದ ಮೇಲೆ ನಾನು-ನೀನು-ಅವನು ಈ ಮೂರನ್ನು ಒಂದೇ ಸಾಲಿನಲ್ಲಿ ನಿಲ್ಲಿಸಿ ಉತ್ತಮ, ಮಧ್ಯಮ, ಪ್ರಥಮ ಪುರುಷ ಎಂದು ಬಾಯಿಪಾಠ ಮಾಡಿಸಿದ್ದು ಯಾಕೆ?

ಇಲ್ಲಿಂದ ಭಟ್ಟರು ಭಾಷೆಗಳನ್ನು ಎರಡು ಪಾಲು ಮಾಡುತ್ತಾರೆ. ಕನ್ನಡ, ಹಿಂದಿಯಂಥವು ಎರಡೇ ಪುರುಷದ ಭಾಷೆಗಳು. ಅಲ್ಲಿ 'ಅವನು' ಎನ್ನುವುದು 'ಆ' ಎಂಬ ತೋರುಪದದ ಮನೆಯವನೇ. ಇಂಗ್ಲಿಷ್ ಮೂರು ಪುರುಷದ್ದು. ಅದರ 'ಹಿ', 'ಶಿ'ಗಳಿಗೂ 'ದಿಸ್', 'ದ್ಯಾಟ್'ಗಳಿಗೂ ನಂಟಿಲ್ಲ. ಅವರು ಪರಿಶೀಲಿಸಿದ 225 ಭಾಷೆಗಳಲ್ಲಿ ಅರ್ಧಕ್ಕಿಂತ ಹೆಚ್ಚಿನವುಗಳಲ್ಲಿ ಮೂರನೆಯ ಪುರುಷಕ್ಕೂ ತೋರುಪದಕ್ಕೂ ಒಂದಲ್ಲ ಒಂದು ಬಗೆಯ ನಂಟು ಕಂಡಿದೆ. ಅಂದರೆ ಶಾಲೆಯ ಪಾಠ ಸಹಜ ಎಂದು ಹಿಡಿದ ಮೂರರ ಸಾಲು ಜಗತ್ತಿನ ಮಾತುಗಳಲ್ಲಿ ಅಷ್ಟೇನೂ ಸಹಜವಲ್ಲ.

ನನಗೆ ಈ ಪುಸ್ತಕದಲ್ಲಿ ಅತಿ ಇಷ್ಟವಾದ ಭಾಗ ಪ್ರಶ್ನೆಪದಗಳದ್ದು. ಎಷ್ಟೋ ಭಾಷೆಗಳಲ್ಲಿ 'ಯಾರು' ಎಂಬ ಪದಕ್ಕೂ 'ಯಾರೋ ಒಬ್ಬ' ಎಂಬ ಪದಕ್ಕೂ ಮೂಲ ಒಂದೇ. ನಮ್ಮಲ್ಲಿ ನೋಡಿ: ಯಾರು, ಯಾರೋ, ಯಾರಾದರೂ, ಯಾರೂ, ಯಾರ್‍ಯಾರು. ಯಾಕೆ ಹೀಗೆ? ಪ್ರಶ್ನೆ ಕೇಳುವ ಪದದಿಂದ ಅನಿಶ್ಚಿತ ಪದ ಹುಟ್ಟಿತು ಎಂದು ಹೇಳಿ ಕೈತೊಳೆದುಕೊಳ್ಳುವವರು ಬಹಳ. ಭಟ್ಟರು ಬೇರೆ ದಾರಿ ಹಿಡಿಯುತ್ತಾರೆ: 'ಯಾರು' ಎಂಬ ಪದದಲ್ಲಿ ಪ್ರಶ್ನೆಯೇ ಇಲ್ಲ. ಅದರಲ್ಲಿರುವುದು 'ಗೊತ್ತಿಲ್ಲ' ಎಂಬುದಷ್ಟೇ. ಪ್ರಶ್ನೆ ಬರುವುದು ಇಡೀ ವಾಕ್ಯದಿಂದ, ದನಿಯ ಏರಿಳಿತದಿಂದ. 'ಯಾರು ಬಂದರೆಂದು ನನಗೆ ತಿಳಿಯದು' ಎನ್ನುವಾಗ ನಾವು ಯಾರನ್ನೂ ಏನನ್ನೂ ಕೇಳುತ್ತಿಲ್ಲ, ಆದರೂ 'ಯಾರು' ಅಲ್ಲೇ ಇದೆ. ಇದನ್ನು ಓದಿದ ಮೇಲೆ 'ಪ್ರಶ್ನಾರ್ಥಕ ಸರ್ವನಾಮ' ಎಂಬ ಹೆಸರೇ ಅನುಮಾನ ಹುಟ್ಟಿಸುತ್ತದೆ.

ಕೊರತೆಯೂ ಇದೆ. ಎರಡು ಪುರುಷ, ಮೂರು ಪುರುಷ ಎಂಬ ಪಾಲಿಗೂ ಭಾಷೆಯ ಉಳಿದ ಲಕ್ಷಣಗಳಿಗೂ ಅವರು ಕಟ್ಟುವ ಸಂಬಂಧಗಳು ಎಲ್ಲ ಕಡೆಯೂ ಒಂದೇ ಬಿಗಿಯಲ್ಲಿಲ್ಲ. ಆ ಭಾಗಗಳನ್ನು ಒಂದು ಅನುಮಾನ ಇಟ್ಟುಕೊಂಡೇ ಓದಬೇಕು. ಪರವಾಗಿಲ್ಲ, ಮೊದಲ ಪುಸ್ತಕವಾಗಿ ಇದನ್ನು ಮೀರಿಸುವುದು ಅವರ ಪಟ್ಟಿಯಲ್ಲಿ ಇಲ್ಲ.

ವಾದ ಮಾಡಲು ತಯಾರಿದ್ದರೆ: 'ಗ್ರಮ್ಯಾಟಿಕಲ್ ರಿಲೇಷನ್ಸ್'

ಇದರ ಉಪಶೀರ್ಷಿಕೆಯೇ ಕಾಲುಕೆರೆದು ನಿಲ್ಲುವಂಥದ್ದು. ವ್ಯಾಕರಣ ಸಂಬಂಧಗಳು, ಅಂದರೆ ಸಬ್ಜೆಕ್ಟ್, ಆಬ್ಜೆಕ್ಟ್‌ಗಳು, ಎಲ್ಲ ಭಾಷೆಗಳಿಗೂ ಬೇಕೇಬೇಕಾದವಲ್ಲ ಎಂಬುದಕ್ಕೆ ಸಾಕ್ಷ್ಯ ಎಂಬ ಅರ್ಥದ್ದು. 1970ರ ದಶಕದಲ್ಲಿ ಸಬ್ಜೆಕ್ಟ್ ಎಂದರೇನು ಎಂದು ಎಲ್ಲ ಭಾಷೆಗೂ ಹೊಂದುವ ವ್ಯಾಖ್ಯೆ ಹುಡುಕುವ ಪ್ರಯತ್ನ ಜೋರಾಗಿತ್ತು. ಭಾಷಾವಿಜ್ಞಾನಿ ಎಡ್ವರ್ಡ್ ಕೀನನ್ 1976ರಲ್ಲಿ ಸಬ್ಜೆಕ್ಟಿನ ಲಕ್ಷಣಗಳ ಉದ್ದನೆಯ ಪಟ್ಟಿಯನ್ನೇ ಕೊಟ್ಟರು. ಭಟ್ಟರು ಕನ್ನಡವನ್ನು ಮುಖ್ಯ ಸಾಕ್ಷಿಯಾಗಿ ಕರೆತಂದು ಕೇಳುವುದು: ಅಂಥದ್ದೊಂದು ಇಲ್ಲದೆಯೇ ಈ ಭಾಷೆ ನಡೆಯುತ್ತಿದೆಯಲ್ಲ?

ಒಂದು ವಾಕ್ಯ ಹಿಡಿಯೋಣ. 'ಹಾವು ಕಪ್ಪೆಯನ್ನು ನುಂಗಿತು.' ತಿರುಗಿಸಿ, 'ಕಪ್ಪೆಯನ್ನು ಹಾವು ನುಂಗಿತು.' ನುಂಗಿದ್ದು ಹಾವೇ. ಬದಲಾದದ್ದು ನಾವು ಯಾವುದರ ಬಗ್ಗೆ ಮಾತಾಡುತ್ತಿದ್ದೇವೆ ಎಂಬುದು ಮಾತ್ರ. ಯಾರು ಏನು ಮಾಡಿದರು ಎಂಬುದನ್ನು ಪ್ರತ್ಯಯ ನೋಡಿಕೊಳ್ಳುತ್ತದೆ. ಯಾವುದಕ್ಕೆ ಒತ್ತು, ಯಾವುದು ಮೊದಲೇ ಗೊತ್ತಿದ್ದದ್ದು ಎಂಬುದನ್ನು ಪದಗಳ ಅನುಕ್ರಮ ನೋಡಿಕೊಳ್ಳುತ್ತದೆ. ಎರಡು ಕೆಲಸಕ್ಕೆ ಎರಡು ಬೇರೆ ಸಾಧನ. ಇಂಗ್ಲಿಷಿನಲ್ಲಿ ಈ ಎರಡೂ ಕೆಲಸ ಕ್ರಿಯಾಪದಕ್ಕಿಂತ ಮೊದಲಿನ ಒಂದೇ ಜಾಗದ ಮೇಲೆ ಬೀಳುತ್ತವೆ. ಪದಗಳನ್ನು ಅದಲುಬದಲು ಮಾಡಿದರೆ ಕಪ್ಪೆಯೇ ಹಾವನ್ನು ನುಂಗಿಬಿಡುತ್ತದೆ. ಹಾಗಾಗದಂತೆ ಕಪ್ಪೆಯನ್ನು ಮುಂದೆ ತರಬೇಕಾದರೆ ಕರ್ಮಣಿ ಪ್ರಯೋಗ ಬೇಕೇ ಬೇಕು. ಹೀಗೆ ಎರಡು ಕೆಲಸ ಒಂದರಲ್ಲೇ ಬೆಸೆದುಕೊಂಡಾಗ ಹುಟ್ಟುವ ವಸ್ತುವೇ ಸಬ್ಜೆಕ್ಟ್ ಎನ್ನುವುದು ಭಟ್ಟರ ನಿಲುವು. ಬೆಸುಗೆಯೇ ಇಲ್ಲದ ಭಾಷೆಯಲ್ಲಿ ಅದನ್ನು ಹುಡುಕಿ ಏನು ಪ್ರಯೋಜನ?

ಈಗ ಶಾಲೆಯ ಕರ್ಮಣಿ ಪ್ರಯೋಗ ನೆನಪು ಮಾಡಿಕೊಳ್ಳಿ. 'ರಾಮನಿಂದ ರಾವಣನು ಕೊಲ್ಲಲ್ಪಟ್ಟನು.' ಪರೀಕ್ಷೆಯ ಉತ್ತರಪತ್ರಿಕೆ ಬಿಟ್ಟರೆ ಇಂಥ ವಾಕ್ಯ ಯಾರ ಬಾಯಲ್ಲಿ ಬಂದಿದೆ? ಅದರ ಅಗತ್ಯವೇ ನಮಗಿಲ್ಲ, 'ರಾವಣನನ್ನು ರಾಮ ಕೊಂದ' ಎಂದರೆ ಸಾಕು. ಆದರೆ ಕಚೇರಿಯ ಕನ್ನಡದಲ್ಲಿ ಇನ್ನೊಂದು ರೂಪ ಚೆನ್ನಾಗಿಯೇ ಬದುಕಿದೆ: 'ಅನಧಿಕೃತ ಕಟ್ಟಡವನ್ನು ಕೆಡವಲಾಗಿದೆ.' ಯಾರು ಕೆಡವಿದರು ಎಂದು ಹೇಳುವ ಉಸಾಬರಿ ಬೇಡ ಎನ್ನುವ ಸರ್ಕಾರಕ್ಕೆ ಹೇಳಿಮಾಡಿಸಿದ ರೂಪ. ಇಲ್ಲಿ ಗಮನಿಸಬೇಕಾದದ್ದು 'ಕಟ್ಟಡವನ್ನು' ಎಂಬುದು. ಮಾಡಿದವರು ಮರೆಯಾದರೂ ಕಟ್ಟಡ ಮೇಲೇರಿ ಸಬ್ಜೆಕ್ಟಿನ ಕುರ್ಚಿಯಲ್ಲಿ ಕೂರಲಿಲ್ಲ. ತನ್ನ 'ಅನ್ನು' ಉಳಿಸಿಕೊಂಡು ಇದ್ದಲ್ಲೇ ಇದೆ. ಭಟ್ಟರ ವಾದಕ್ಕೆ ದಿನಪತ್ರಿಕೆಯಲ್ಲೇ ಸಿಗುವ ಬೆಂಬಲ ಎಂದು ನಾನಿದನ್ನು ಎಣಿಸುತ್ತೇನೆ.

ತಮಾಷೆಯೆಂದರೆ, ಸಂಸ್ಕೃತದ ಅಚ್ಚಿನಲ್ಲಿ ಕನ್ನಡ ವ್ಯಾಕರಣ ಎರಕ ಹೊಯ್ದದ್ದರ ವಿರುದ್ಧ ಜೀವಮಾನವಿಡೀ ಬರೆದ ಭಟ್ಟರಿಗೆ ಈ ಒಂದು ವಿಷಯದಲ್ಲಿ ಪಾಣಿನಿ ದೂರದವನಲ್ಲ. ಪಾಣಿನಿಯ ಕಾರಕವೂ ಯಾರು ಮಾಡಿದರು, ಯಾವುದರಿಂದ, ಯಾರಿಗಾಗಿ ಎಂಬ ಅರ್ಥದ ಸಂಬಂಧವೇ, ವಿಭಕ್ತಿ ಬೇರೆ. 'ರಾಮೇಣ ರಾವಣೋ ಹತಃ' ಎಂಬಲ್ಲಿ ತೃತೀಯಾ ವಿಭಕ್ತಿಯಲ್ಲಿದ್ದರೂ ರಾಮನೇ ಕರ್ತೃ. ಸಬ್ಜೆಕ್ಟಿಗೆ 'ಕರ್ತೃ' ಎಂದು ಅಂಟಿಸಿದ ನಮ್ಮ ಇಂಗ್ಲಿಷ್ ವ್ಯಾಕರಣದ ಗೈಡುಗಳು ಇಬ್ಬರಿಗೂ ಅನ್ಯಾಯ ಮಾಡಿವೆ.

ಈ ಪುಸ್ತಕವನ್ನು ಒಂಟಿಯಾಗಿ ಓದಬೇಡಿ. ಎಸ್. ಎನ್. ಶ್ರೀಧರ್ ಅವರ ಕನ್ನಡ ವ್ಯಾಕರಣ (ರೂಟ್‌ಲೆಡ್ಜ್, 1990) ಪಕ್ಕದಲ್ಲಿರಲಿ. ಶ್ರೀಧರ್ ಸಬ್ಜೆಕ್ಟ್ ಎಂಬುದನ್ನು ಬಿಟ್ಟುಕೊಡುವವರಲ್ಲ. 'ನನಗೆ ಹಸಿವಾಗಿದೆ', 'ಅವಳಿಗೆ ಕೋಪ ಬಂತು' ಎಂಬಲ್ಲಿನ 'ಗೆ' ಹಚ್ಚಿದ ಪದವನ್ನೇ ಅವರು ಸಬ್ಜೆಕ್ಟ್ ಎಂದು ಕರೆದವರು. 'ರಾಮನಿಗೆ ತನ್ನ ಊರು ನೆನಪಾಯಿತು' ಎಂಬ ವಾಕ್ಯ ಇಬ್ಬರನ್ನೂ ಪರೀಕ್ಷೆಗೆ ಒಡ್ಡುತ್ತದೆ. ಕ್ರಿಯಾಪದ 'ನೆನಪಾಯಿತು' ಹೊಂದುವುದು ಊರಿಗೆ. ಆದರೆ 'ತನ್ನ' ಎಂಬುದು ಹೋಗಿ ಸೇರುವುದು ರಾಮನಿಗೆ. ಕೀನನ್ ಥರದವರು ಒಂದೇ ಪದದಲ್ಲಿ ಕೂಡಿರಬೇಕು ಎಂದುಕೊಂಡ ಲಕ್ಷಣಗಳು ಇಲ್ಲಿ ಇಬ್ಬರಿಗೆ ಹಂಚಿಹೋಗಿವೆ. ಭಟ್ಟರ ಕಡೆಯವರು 'ನೋಡಿ, ಸಬ್ಜೆಕ್ಟ್ ಎಂಬುದೇ ಇಲ್ಲ' ಎನ್ನಬಹುದು. ಶ್ರೀಧರರ ಕಡೆಯವರು '"ತನ್ನ" ಎಂಬುದಕ್ಕೆ ಒಡೆಯ ಬೇಕಲ್ಲ, ಅದನ್ನೇ ನಾವು ಸಬ್ಜೆಕ್ಟ್ ಎನ್ನುವುದು' ಎನ್ನಬಹುದು. ನನ್ನ ಒಲವು ಭಟ್ಟರ ಕಡೆಗೆ, ಆದರೆ ಮುಕ್ಕಾಲು ಪಾಲು ಮಾತ್ರ. ಎಲ್ಲ ಭಾಷೆಗೂ ಸಬ್ಜೆಕ್ಟ್ ಬೇಕು ಎಂಬ ಮಾತನ್ನು ಮುರಿಯಲು ಕನ್ನಡವೊಂದೇ ಸಾಕು, ನಿಜ. ಆದರೆ ಕನ್ನಡದಂಥ ಭಾಷೆಗಳು ಜಗತ್ತಿನಲ್ಲಿ ಎಷ್ಟು, ಎಲ್ಲೆಲ್ಲಿ ಎಂಬುದಕ್ಕೆ 'ಪ್ರೊನೌನ್ಸ್'ನಲ್ಲಿ ಸಿಗುವಂಥ ವಿಸ್ತಾರವಾದ ಉತ್ತರ ಇಲ್ಲಿ ಸಿಗುವುದಿಲ್ಲ.

ಕನ್ನಡ ಎಂ.ಎ. ಮಾಡಿದವರು, ಶಾಲೆ-ಕಾಲೇಜುಗಳಲ್ಲಿ ವ್ಯಾಕರಣ ಪಾಠ ಮಾಡುವವರು, ಯಂತ್ರಾನುವಾದದ ಕೆಲಸದಲ್ಲಿರುವವರು ನಾಲ್ಕರಲ್ಲಿ ಒಂದನ್ನೇ ಓದುವುದಾದರೆ ನಾನು ಹೇಳುವುದು ಇದನ್ನು. ಉಳಿದವರಿಗೆ ಎರಡನೆಯ ಪುಸ್ತಕವಾಗಿ ಚೆನ್ನ.

ಗುಣಪದವೋ, ಕಾಲವೋ?

1994ರದ್ದನ್ನೂ 1999ರದ್ದನ್ನೂ ಒಟ್ಟಿಗೆ ತೂಗಬೇಕು, ಏಕೆಂದರೆ ಎರಡನೆಯದು ಮೊದಲನೆಯದರ ಹೆಗಲ ಮೇಲೆ ನಿಂತಿದೆ.

'ಅಡ್ಜೆಕ್ಟೈವಲ್ ಕ್ಯಾಟಗರಿ' ಕೇಳುವುದು: ಗುಣಪದ ಎಂಬ ಬೇರೆಯೇ ಪದವರ್ಗ ಎಲ್ಲ ಭಾಷೆಗಳಲ್ಲೂ ಇದೆಯೇ? 1977ರಲ್ಲಿ ಭಾಷಾವಿಜ್ಞಾನಿ ಆರ್. ಎಂ. ಡಬ್ಲ್ಯು. ಡಿಕ್ಸನ್ ಎತ್ತಿದ ಪ್ರಶ್ನೆ ಇದು. ಭಟ್ಟರ ಉತ್ತರಕ್ಕೆ ಮೂರು ಭಾಷೆ ಸಾಕು. ಸಂಸ್ಕೃತದಲ್ಲಿ ಸುಂದರಃ ಬಾಲಕಃ, ಸುಂದರೀ ಬಾಲಿಕಾ, ಸುಂದರಂ ಫಲಮ್. ಗುಣಪದವೂ ನಾಮಪದದ ಹಾಗೆಯೇ ಲಿಂಗ, ವಚನ, ವಿಭಕ್ತಿಗಳನ್ನೆಲ್ಲ ತೊಟ್ಟುಕೊಳ್ಳುತ್ತದೆ, ಹಾಗಾಗಿ ಅದನ್ನು ನಾಮಪದದಿಂದ ಬೇರ್ಪಡಿಸುವುದು ಕಷ್ಟ. ಮಣಿಪುರಿಯಲ್ಲಿ 'ಒಳ್ಳೆಯದಾಗಿರು' ಎಂಬ ಅರ್ಥದ 'ಫ' ಎಂಬುದು ಕ್ರಿಯಾಪದದ ಧಾತು. 'ಒಳ್ಳೆಯ' ಎನ್ನಬೇಕಾದರೆ ಅದನ್ನು ಮಾರ್ಪಡಿಸಿ 'ಅಫಬ' ಎನ್ನಬೇಕು. ಕನ್ನಡ ಇವೆರಡರಂತೆಯೂ ಅಲ್ಲ. ಒಳ್ಳೆ ಹುಡುಗ, ಒಳ್ಳೆ ಹುಡುಗಿ, ಒಳ್ಳೆ ಹುಡುಗರಿಗೆ, 'ಒಳ್ಳೆ' ಅಲ್ಲಾಡುವುದಿಲ್ಲ. ವಾಕ್ಯದ ಕೊನೆಗೆ ಒಂಟಿಯಾಗಿ ನಿಲ್ಲುವ ತಾಕತ್ತೂ ಅದಕ್ಕಿಲ್ಲ: 'ಮರ ದೊಡ್ಡ' ಎನ್ನಲಾಗದು, 'ಮರ ದೊಡ್ಡದು' ಎನ್ನಬೇಕು. ಹೀಗೆ ನೋಡಿದರೆ ಕನ್ನಡದಲ್ಲಿ ಗುಣಪದ ತನ್ನದೇ ಆದ ವರ್ಗ. ನಮ್ಮ ಶಾಲಾ ವ್ಯಾಕರಣವೋ, ಪಾಣಿನಿಯ ಸುಬಂತ-ತಿಙಂತ (ನಾಮಪದ-ಕ್ರಿಯಾಪದ) ಎಂಬ ಎರಡೇ ಪಾಲನ್ನು ನೆಚ್ಚಿಕೊಂಡು ಗುಣವಾಚಕವನ್ನು ಇವತ್ತಿಗೂ ನಾಮಪದದ ಹೊಟ್ಟೆಯೊಳಗೇ ಇಟ್ಟಿದೆ.

ವಾದ ಚಂದ. ಪುಸ್ತಕ ಮಾತ್ರ ಒಣಕಲು. ಒಂದು ಲಕ್ಷಣ ಹೇಳಿ, ಅದಕ್ಕೆ ಭಾಷೆಯ ಮೇಲೆ ಭಾಷೆ ತಂದು ಜೋಡಿಸುತ್ತ ಹೋಗುತ್ತಾರೆ. ಪದವರ್ಗಗಳ ಬಗ್ಗೆಯೇ ಪ್ರಬಂಧ ಬರೆಯುವವರಿಗೆ ಅದು ಚಿನ್ನ. ಸಾಮಾನ್ಯ ಓದುಗರು ಮೊದಲ ಭಾಗ ಓದಿ, ಉಳಿದದ್ದನ್ನು ಬೇಕಾದಾಗ ತೆರೆದು ನೋಡುವ ಕೋಶದಂತೆ ಇಟ್ಟುಕೊಂಡರೆ ಸಾಕು.

1999ರ ಪುಸ್ತಕ ಹಾಗಲ್ಲ. ಅದು ನಾಲ್ಕರಲ್ಲೇ ಎದೆಗಾರಿಕೆಯದ್ದು. ಜಗತ್ತಿನ ಭಾಷೆಗಳನ್ನು ಸ್ಥೂಲವಾಗಿ ಮೂರು ಬಗೆ ಮಾಡಬಹುದು ಎನ್ನುತ್ತಾರೆ ಭಟ್ಟರು: ಯಾವಾಗ ನಡೆಯಿತು ಎಂಬುದಕ್ಕೆ ಮಹತ್ವ ಕೊಡುವವು, ಮುಗಿಯಿತೋ ನಡೆಯುತ್ತಿದೆಯೋ ಎಂಬುದಕ್ಕೆ ಕೊಡುವವು, ನಿಜವಾಗಿ ನಡೆದದ್ದೋ ಇನ್ನೂ ನಡೆಯಬೇಕಾದದ್ದೋ ಎಂಬುದಕ್ಕೆ ಕೊಡುವವು. ಯಾವುದಕ್ಕೆ ಮಹತ್ವ ಎಂದು ತೀರ್ಮಾನಿಸುವುದಕ್ಕೆ ಅವರು ಇಟ್ಟುಕೊಂಡ ಅಳತೆ: ಆ ಭಾವ ವ್ಯಾಕರಣದೊಳಗೆ ಎಷ್ಟು ಬೇರುಬಿಟ್ಟಿದೆ, ಎಷ್ಟು ಕಡ್ಡಾಯ, ಎಷ್ಟು ಕ್ರಮಬದ್ಧ, ಎಷ್ಟು ಕಡೆ ಹಬ್ಬಿದೆ.

ಕನ್ನಡ ಮೊದಲನೆಯ ಬಗೆಯದು. 'ಬಂದ ಹುಡುಗ, ಬರುವ ಹುಡುಗ' ಎಂಬ ಕೃದಂತದಲ್ಲೂ ಕಾಲ, 'ಬರಲಿಲ್ಲ, ಬರುವುದಿಲ್ಲ' ಎಂಬ ನಿಷೇಧದಲ್ಲೂ ಕಾಲ. ಹಿಂದಿಯನ್ನು ಪಕ್ಕದಲ್ಲಿಟ್ಟು ನೋಡಿ: ಆಯಾ ಹೈ, ಆಯಾ ಥಾ, ಆಯಾ ಹೋಗಾ, ಆತಾ ಹೈ, ಆತಾ ಥಾ, ಆತಾ ಹೋಗಾ. ಮುಖ್ಯ ಕ್ರಿಯಾಪದ 'ಆಯಾ', 'ಆತಾ' ಹೇಳುವುದು ಮುಗಿಯಿತೋ ಇಲ್ಲವೋ ಎಂಬುದನ್ನು. ಕಾಲವನ್ನು ಹೊರುವ ಕೆಲಸ ಅದರ ನಂತರ ಬರುವ ಪುಟ್ಟ ಪದದ್ದು. 'ರಾಮ್ ನೇ ರೋಟೀ ಖಾಯೀ' ಎಂಬಲ್ಲಿನ 'ನೇ' ಕೂಡ ಮುಗಿದ ಕೆಲಸದ ರೂಪ ಬಂದಾಗ ಮಾತ್ರ ತಲೆಹಾಕುತ್ತದೆ. ಕನ್ನಡಿಗರು ಹಿಂದಿ ಮಾತಾಡುವಾಗ ಈ 'ನೇ' ಹತ್ತಿರ ಎಡವುವುದು ಬರೀ ಅಭ್ಯಾಸದ ಕೊರತೆಯಿಂದಲ್ಲ. ಅದರ ಹಿಂದಿರುವ ಲೆಕ್ಕಾಚಾರವನ್ನೇ ನಮ್ಮ ಭಾಷೆ ಮುಖ್ಯವೆಂದು ಹಿಡಿದಿಲ್ಲ. ಇನ್ನು ಮಣಿಪುರಿಯಲ್ಲಿ ನಿನ್ನೆಗೂ ಇವತ್ತಿಗೂ ಕಡ್ಡಾಯವಾದ ಭೇದವಿಲ್ಲ. ನಡೆದದ್ದಕ್ಕೂ ಇನ್ನೂ ನಡೆಯಬೇಕಾದದ್ದಕ್ಕೂ ಮಾತ್ರ ಬೇರೆ ರೂಪ.

ನಮ್ಮ 'ಮೂರು ಕಾಲ'ದ ಪಾಠವೂ ಇಲ್ಲಿ ಅಲುಗಾಡುತ್ತದೆ. 'ನಾಳೆ ಬರುತ್ತೇನೆ' ಎಂಬಲ್ಲಿ ವರ್ತಮಾನ ಎಲ್ಲಿದೆ? 'ಹುಲಿ ಕಾಡಿನಲ್ಲಿ ಇರುವುದು' ಎಂಬಲ್ಲಿ ಭವಿಷ್ಯ ಎಲ್ಲಿದೆ? ನಮಗಿರುವುದು ಭೂತ ಮತ್ತು ಭೂತವಲ್ಲದ್ದು, ಎರಡೇ.

ಈ ಪುಸ್ತಕದ ರುಚಿ ಇರುವುದು ಕೊಂಡಿಗಳಲ್ಲಿ. ಕಾಲಕ್ಕೆ ಮಹತ್ವ ಕೊಡುವ ಭಾಷೆಗಳು ಗುಣಪದವನ್ನು ಬೇರೆ ವರ್ಗವಾಗಿ ಇಟ್ಟುಕೊಳ್ಳುತ್ತವೆ, ಇಲ್ಲವೇ ನಾಮಪದದ ಜೊತೆ ಸೇರಿಸುತ್ತವೆ. ಕ್ರಿಯಾಪದದ ಜೊತೆ ಸೇರಿಸುವ ಒಲವು ಅವಕ್ಕಿಲ್ಲ ಎಂಬುದು ಅಂಥದ್ದೊಂದು. ಕನ್ನಡದ 'ಒಳ್ಳೆ'ಗೂ 'ಬಂದ, ಬರುವ'ಗಳಿಗೂ ಒಳಗೊಳಗೇ ನಂಟು ಇರಬಹುದು ಎಂಬುದು ಯಾರಿಗೆ ಹೊಳೆದೀತು? ಆದರೆ ತೊಡಕೂ ಇಲ್ಲೇ. ಮಹತ್ವ ಎಂಬುದು ಹೆಚ್ಚು-ಕಡಿಮೆಯ ಮಾತು ಎಂದು ಅವರೇ ಒಪ್ಪುತ್ತಾರೆ. ಹಾಗಾದ ಮೇಲೆ ಎದುರು ಉದಾಹರಣೆ ತಂದವರಿಗೆ 'ಆ ಭಾಷೆಯಲ್ಲಿ ಮಹತ್ವ ಸ್ವಲ್ಪ ಕಡಿಮೆ' ಎಂದು ಹೇಳಿ ತಪ್ಪಿಸಿಕೊಳ್ಳಬಹುದು. ನಾಲ್ಕರಲ್ಲಿ ಹೆಚ್ಚು ಯೋಚನೆಗೆ ಹಚ್ಚುವ ಪುಸ್ತಕವೂ ಇದೇ, ಸಾಕ್ಷ್ಯ ತೆಳುವಾಗಿ ಕಾಣುವುದೂ ಇದರಲ್ಲೇ. ಹಿಂದಿ, ಕನ್ನಡ ಎರಡೂ ಚೆನ್ನಾಗಿ ಬರುವವರು, ಹಿಂದಿ ಕಲಿಸುವ ಕನ್ನಡ ಮೇಷ್ಟ್ರುಗಳು ಎರಡನೆಯದಾಗಿ ಇದನ್ನೇ ಎತ್ತಿಕೊಳ್ಳಬಹುದು. ಉಳಿದವರು ಕೊನೆಗೆ ಓದಲಿ.

ಕನ್ನಡದಲ್ಲೇ ಸಾಕು ಎನ್ನುವವರಿಗೆ

2000ದಲ್ಲಿ ಬಂದ 'ಕನ್ನಡಕ್ಕೆ ಬೇಕು ಕನ್ನಡದ್ದೇ ವ್ಯಾಕರಣ' ಮೇಲಿನ ವಾದಗಳ ಫಲವನ್ನು ಕನ್ನಡದ ಅಂಗಳಕ್ಕೆ ತಂದು ಸುರಿದ ಪುಸ್ತಕ. ಓದಿಸಿಕೊಂಡು ಹೋಗುತ್ತದೆ, ಕೆಣಕುತ್ತದೆ. ಆದರೆ ಜಗತ್ತಿನ ಭಾಷೆಗಳ ಹೋಲಿಕೆ ಬೇಕಾದವರಿಗೆ ಇದು ಬದಲಿಯಲ್ಲ. ಅಲ್ಲಿ ಎದುರಾಳಿ ಸಂಸ್ಕೃತ ವ್ಯಾಕರಣವೊಂದೇ. ಹಳೆಗನ್ನಡ ಓದಿಕೊಂಡವರಿಗೆ, ಕೇಶಿರಾಜನ ಸೂತ್ರಗಳ ರುಚಿ ಇದ್ದವರಿಗೆ 'ನಿಜಕ್ಕೂ ಹಳೆಗನ್ನಡ ವ್ಯಾಕರಣ ಎಂತಹದು?' ಹೆಚ್ಚು ಹಿಡಿಸೀತು.

ಹಲವು ಸಂಪುಟಗಳ 'ಕನ್ನಡ ಬರಹದ ಸೊಲ್ಲರಿಮೆ'ಗೆ (ಸೊಲ್ಲರಿಮೆ ಅಂದರೆ ವ್ಯಾಕರಣ) ಕೈ ಹಾಕುವ ಮೊದಲು ಎರಡು ವಿಷಯ ತಿಳಿದಿರಲಿ. ಅದರಲ್ಲಿ ಮಹಾಪ್ರಾಣ ಇರುವುದಿಲ್ಲ, ಮತ್ತು ನಾಮಪದಕ್ಕೆ 'ಹೆಸರುಪದ', ಕ್ರಿಯಾಪದಕ್ಕೆ 'ಎಸಕಪದ', ಗುಣಪದಕ್ಕೆ 'ಪರಿಚೆಪದ' ಎಂಬ ಅವರದೇ ಪರಿಭಾಷೆ ಉದ್ದಕ್ಕೂ ಇದೆ. ಮೊದಲ ಕೆಲವು ಪುಟ ಕಣ್ಣು ತಡವರಿಸುತ್ತದೆ, ಆಮೇಲೆ ಓದು ಸರಾಗ. ಬರಹದ ಈ ಪ್ರಯೋಗ ಒಪ್ಪಿಗೆಯಿಲ್ಲದವರೂ ಒಳಗಿನ ವಿಶ್ಲೇಷಣೆಯನ್ನು ಬೇರೆಯಾಗಿ ತೂಗಬೇಕು. ಬರಹದ ಸಿಟ್ಟನ್ನು ವ್ಯಾಕರಣದ ಮೇಲೆ ತೀರಿಸಿಕೊಳ್ಳುವವರನ್ನು ನೋಡಿ ನೋಡಿ ಸಾಕಾಗಿದೆ.

ಪುಸ್ತಕ ಕೈಗೆ ಸಿಗದಿದ್ದರೆ

ಇಂಗ್ಲಿಷ್ ಪುಸ್ತಕಗಳ ಬೆಲೆ ನಮ್ಮ ಜೇಬಿಗಲ್ಲ, ವಿಶ್ವವಿದ್ಯಾಲಯದ ಲೈಬ್ರರಿಗಳ ಬೆಲೆ. ಆದರೆ ಬಿಟ್ಟಿಯಾಗಿ ಓದಲು ಒಂದು ಬಾಗಿಲಿದೆ. ಜಗತ್ತಿನ ಭಾಷೆಗಳ ರಚನೆಯನ್ನು ನಕಾಶೆಗಳ ಮೇಲೆ ತೋರಿಸುವ 'ವರ್ಲ್ಡ್ ಅಟ್ಲಾಸ್ ಆಫ್ ಲ್ಯಾಂಗ್ವೇಜ್ ಸ್ಟ್ರಕ್ಚರ್ಸ್' ಅಂತರ್ಜಾಲದಲ್ಲಿ ಎಲ್ಲರಿಗೂ ತೆರೆದಿದೆ. ಅದರ 43ನೆಯ ಅಧ್ಯಾಯ, ಮೂರನೆಯ ಪುರುಷ ಮತ್ತು ತೋರುಪದಗಳ ನಂಟಿನದು, ಭಟ್ಟರದೇ. ಕೆಲವೇ ಪುಟ, 'ಪ್ರೊನೌನ್ಸ್' ನಿಮಗೆ ಹಿಡಿಸುತ್ತದೋ ಇಲ್ಲವೋ ಎಂದು ತಿಳಿಯಲು ಅಷ್ಟು ಸಾಕು. ಅದೇ ಅಟ್ಲಾಸಿನ 46ನೆಯ ಅಧ್ಯಾಯ ಮಾರ್ಟಿನ್ ಹಾಸ್ಪೆಲ್‌ಮಾತ್ ಅವರದು, 'ಯಾರೋ' ಥರದ ಅನಿಶ್ಚಿತ ಪದಗಳ ಬಗ್ಗೆ. ಎರಡನ್ನೂ ಒಂದರ ಹಿಂದೊಂದು ಓದಿ, ಆಮೇಲೆ ಸಿಕ್ಕರೆ 'ಲಿಂಗ್ವಿಸ್ಟಿಕ್ ಟೈಪಾಲಜಿ' ಪತ್ರಿಕೆಯಲ್ಲಿ 2000ದಲ್ಲಿ ಭಟ್ಟರು ಪ್ರಶ್ನೆಪದಗಳ ಒಗಟಿನ ಮೇಲೆ ಬರೆದ ಲೇಖನಕ್ಕೆ ಹೋಗಿ.

ವ್ಯಾಕರಣಕ್ಕಿಂತ ಧ್ವನಿಯ ಕಡೆ ಒಲವಿದ್ದವರಿಗೆ ಬೇರೆ ದಾರಿ. ಜೋಸೆಫ್ ಗ್ರೀನ್‌ಬರ್ಗ್ ಸಂಪಾದಿಸಿದ, ಸ್ಟ್ಯಾನ್‌ಫರ್ಡ್‌ನಿಂದ 1978ರಲ್ಲಿ ಬಂದ ಸಂಪುಟಗಳ ಎರಡನೆಯದರಲ್ಲಿ ತಾಲವ್ಯೀಕರಣದ ('ಕ'ದಂಥ ಧ್ವನಿ 'ಚ'ದಂಥದ್ದಾಗುವುದು) ಬಗ್ಗೆ ಭಟ್ಟರ ಅಧ್ಯಯನವಿದೆ. ನಮ್ಮ 'ಕಿವಿ' ತೆಲುಗಿನಲ್ಲಿ 'ಚೆವಿ', ನಮ್ಮ 'ಕೆರೆ' ಅಲ್ಲಿ 'ಚೆರುವು' ಆದಂಥ ಬದಲಾವಣೆಗಳು ಬೇರೆಬೇರೆ ಭಾಷೆಗಳಲ್ಲಿ ಯಾವ ಯಾವ ಸಂದರ್ಭದಲ್ಲಿ ಆಗುತ್ತವೆ ಎಂಬ ವಿಷಯ ಅದು.

ಡೆಕ್ಕನ್ ಕಾಲೇಜಿನಿಂದ ಬಂದ ಭಟ್ಟರ 'ಪ್ರೊನಾಮಿನಲೈಸೇಷನ್' (1978) ಹಳೆ ಪುಸ್ತಕದಂಗಡಿಯಲ್ಲಿ ಕಂಡರೆ ಮೊದಲ ಪುಸ್ತಕ ಎಂದು ಕೊಳ್ಳಬೇಡಿ. 'ಪ್ರೊನೌನ್ಸ್' ಓದಿ ಮುಗಿಸಿದವರಿಗೆ ಮಾತ್ರ ಅದರ ಬೆಲೆ ಗೊತ್ತಾಗುತ್ತದೆ. ಹವ್ಯಕದ ವ್ಯಾಕರಣ ಸಿಕ್ಕರೆ ಮಾತ್ರ ಯೋಚಿಸದೆ ತೆಗೆದುಕೊಳ್ಳಿ. 'ಅಕ್ಕ ಬಂತು' ಎಂದು ಹೆಂಗಸರಿಗೂ ನಪುಂಸಕದ ರೂಪವನ್ನೇ ಬಳಸುವ ಆ ಮಾತನ್ನು ಮನೆಯಲ್ಲಿ ಆಡಿ ಬೆಳೆದ ಭಟ್ಟರಿಗೆ, ಸರ್ವನಾಮದ ಬಗ್ಗೆ ಶಾಲಾ ಪುಸ್ತಕದ ಪಟ್ಟಿಯನ್ನು ನಂಬಲು ಯಾಕೆ ಆಗಲಿಲ್ಲ ಎಂಬುದು ಅಲ್ಲಿ ಚೆನ್ನಾಗಿ ಕಾಣುತ್ತದೆ.